ತಡೆಗೋಡೆ, ಇತ್ಯಾದಿ

ನಮ್ಮ ಹಿತ್ತಿಲು ಮಲಗಿದ್ದಲ್ಲ, ನಿಂತದ್ದು.
ಡನೀಡಿನ್ನಿನ ಅರ್ಧ ಹಿತ್ತಿಲುಗಳು ಹೀಗೇ,
ಬಂದರಿನ ಕಡೆ ಮುಖ ಮಾಡಿ
ಗುಡ್ಡವನ್ನು ಉಗುರಲ್ಲಿ ಹಿಡಿದುಕೊಂಡಿವೆ.
ಕೈತಪ್ಪಿದ ಆಲೂಗಡ್ಡೆ
ಕೆಳಮನೆಯ ಓರ್ಟೆಲ್ ಮುದುಕನ ಬೇಲಿಯವರೆಗೆ
ನಿಲ್ಲದೆ ಹೋಗುತ್ತದೆ.
ಹನ್ನೊಂದು ವರ್ಷದಿಂದ ಹೋಗುತ್ತಿದೆ.

ಈ ಸಲ ಟವಿಟಾನ ಬಾಕಿ ಸಂಬಳ ಬಂತು,
ಆಸ್ಪತ್ರೆಯ ಲಾಂಡ್ರಿಯಲ್ಲಿ ರಾತ್ರಿಪಾಳಿ ಮಾಡಿದ್ದು,
ಯೂನಿಯನ್ನು ಮೂರು ವರ್ಷ ಜಗ್ಗಾಡಿ ಬಿಡಿಸಿದ್ದು:
ಒಂಬತ್ತು ಸಾವಿರ ಡಾಲರು.
ಕರೆಂಟು ಬಿಲ್ಲಿನ ಬೆನ್ನ ಮೇಲೆ ಗೆರೆ ಎಳೆದೆ.
ಎಡಕ್ಕೆ ಬೇಕಾದ್ದು, ಬಲಕ್ಕೆ ಆಗುವುದು.

ಹನ್ನೆರಡು ಕುರ್ಚಿ ಹಿಡಿಯುವಷ್ಟು ಸಮತಟ್ಟು ಜಾಗ, ಅಂದ ಅವನು,
ಭಾನುವಾರ ಕಲ್ಲು ಕಾಯಿಸಿ
ಸಮೋವಾದಲ್ಲಿ ಅವನಪ್ಪ ಹೂಡುತ್ತಿದ್ದಂಥ ಉಮು ಒಲೆ ಹೂಡುವಷ್ಟು,
ಅಣ್ಣಂದಿರು ಬಂದರೆ ಯಾರೂ ಜಾರಬಾರದು.
ನಾನು ಬರೆದೆ: ಮೆಟ್ಟಿಲು, ಹಿಡಿಕೆ ಸಮೇತ.
ಬಟ್ಟೆಗೆ ಹೊಸ ತಂತಿ.
ಟೂಯಿ ಹಕ್ಕಿಗಳಿಗೆ ಅಂತ ಒಂದು ಕೋವಾಯ್ ಗಿಡ.
ಆಮೇಲೆ, ಅವನು ಹಾಲು ತರಲು ಎದ್ದಾಗ, ಒಂದು ಬೆಂಚು.
ಬೆಂಚಿನ ಎದುರು ಬೆಲೆ ಹಾಕಲಿಲ್ಲ.

ಗುತ್ತಿಗೆದಾರ ಲ್ಯಾಕ್ಲನ್ ಜುಲೈ ಚಳಿಯಲ್ಲಿ ಚಡ್ಡಿ ತೊಟ್ಟು ಬಂದ,
ಬೂಟಿನ ಹಿಮ್ಮಡಿಯಿಂದ ಎರಡು ಸಲ ನೆಲ ತಟ್ಟಿದ
ಡಾಕ್ಟರು ಹೊಟ್ಟೆ ತಟ್ಟುವ ಹಾಗೆ.
"ಜೇಡಿ," ಅಂದ. "ಒದ್ದೆಯಾದರೆ ನಡೆಯುತ್ತದೆ."
ತಡೆಗೋಡೆ, ಗೋಡೆಯ ಬೆನ್ನಿಗೆ ಜಲ್ಲಿ,
ಜಲ್ಲಿಯ ಅಡಿಗೆ ನೀರು ಹೋಗಲು ಕೊಳವೆ;
ಲಾರಿ ನಿಮ್ಮ ಓಣಿಗೆ ನುಗ್ಗುವುದಿಲ್ಲ,
ಕೈಗಾಡಿಯ ಕೂಲಿ ಬೇರೆ.
ಹನ್ನೊಂದು ಸಾವಿರದ ನಾನೂರು.
ಮೆಟ್ಟಿಲು? ಗಿಡ?
"ಅದೆಲ್ಲ ಗೋಡೆ ಆದ ಮೇಲೆ."

ಅಂದರೆ ಕಾಣದ್ದಕ್ಕೇ ಎಲ್ಲ ದುಡ್ಡು.
ಕೊಳವೆ ಕಾಣುವುದಿಲ್ಲ, ಜಲ್ಲಿ ಕಾಣುವುದಿಲ್ಲ,
ಗೋಡೆಯನ್ನು ನೋಡುವವನು ಓರ್ಟೆಲ್;
ನಾವು ಅದರ ತಲೆಯ ಮೇಲಿರುತ್ತೇವೆ.

ಆ ರಾತ್ರಿ ಕತ್ತರಿ ಹಾಕಿದೆವು.
ಹನ್ನೆರಡು ಕುರ್ಚಿ ಎಂಟಾಯಿತು, ಎಂಟು ಐದು.
"ಐದರಲ್ಲಿ ಯಾವ ಅಣ್ಣನನ್ನು ಬಿಡಲಿ?"
ಹಿಡಿಕೆ ಹೋಯಿತು. ತಂತಿ ಹಳೆಯದೇ ಇರಲಿ.
ಗೋಡೆ ಮೊಣಕಾಲಿಗೆ ಇಳಿಯಿತು,
ಇಳಿದರೂ ಸಾಲಲಿಲ್ಲ.
ಹಾಸಿಗೆ ಇದ್ದಷ್ಟು ಕಾಲು ಚಾಚಬೇಕಂತೆ.
ನಮ್ಮ ಹಾಸಿಗೆಯೇ ಇಳಿಜಾರು,
ಚಾಚಿದ ಕಾಲು ಓರ್ಟೆಲ್‌ನ ಅಂಗಳದಲ್ಲಿ.
ಟವಿಟಾ ಬೆಂಚಿನ ಮೇಲೆ ಬೆರಳಿಟ್ಟ: ಇದು ಯಾವಾಗ ಬಂತು?
ಆಟಕ್ಕುಂಟು, ಲೆಕ್ಕಕ್ಕಿಲ್ಲ, ಅಂದೆ.
ಅವನು ಅದನ್ನು ಹೊಡೆದುಹಾಕಲಿಲ್ಲ.
ಬಿಲ್ಲನ್ನು ನಾಲ್ಕು ಮಡಿಕೆ ಮಾಡಿಟ್ಟು ಪಾಳಿಗೆ ಹೋದ.

ಶನಿವಾರ ಓರ್ಟೆಲ್ ಬಕೆಟ್ಟು ಹಿಡಿದು ಏರಿ ಬಂದ,
ನಡುವೆ ಮೂರು ಕಡೆ ನಿಂತು, ಉಸಿರು ತೆಗೆದುಕೊಂಡು.
ಗೋಡೆಯ ಸುದ್ದಿ ಕೇಳಿದೆ ಮೋರ್ನಾ, ಅಂದ,
ನಿಮ್ಮದೆಲ್ಲ ಅದಕ್ಕೆ ಮೊದಲು ನಿಮಗೆ ಮುಟ್ಟಲಿ.
ಟೆನ್ನಿಸ್ ಚೆಂಡು ಏಳು,
ಬಟ್ಟೆಯ ಕ್ಲಿಪ್ಪು ಇಪ್ಪತ್ತಮೂರು,
ಒಂದು ಚಮಚ,
ಮಗಳ ಕಾಲು ಯಾವತ್ತೋ ಮೀರಿ ಬೆಳೆದ ಒಂಟಿ ಬೂಟು.
ಆಲೂಗಡ್ಡೆಗಳು? ಕೇಳಿದ ಟವಿಟಾ.
"ತಿಂದೆ," ಅಂದ ಓರ್ಟೆಲ್, ಚೂರೂ ನಾಚದೆ.
ಎಲ್ಲವನ್ನೂ ಬಲಬದಿಗೆ ಜಮಾ ಮಾಡಿದೆ.
ಕೊರತೆ ಆರುನೂರ ಎಂಬತ್ತು ಹಾಗೇ ಉಳಿಯಿತು.

ಅಡುಗೆಮನೆಯ ಮೂರು ಕುರ್ಚಿ ಹೊರಗೆ ಬಂದವು,
ಮುಂಗಾಲುಗಳಿಗೆ ಇಟ್ಟಿಗೆ ಕೊಟ್ಟೆವು.
ಆದರೂ ಮೂವರೂ ಬಂದರಿನ ಕಡೆ ಕೊಂಚ ವಾಲಿಯೇ ಕೂತೆವು,
ಓರ್ಟೆಲ್ ಖಾಲಿ ಬಕೆಟ್ಟನ್ನು ತೊಡೆಯ ಮೇಲಿಟ್ಟುಕೊಂಡು.
ಕೈಯ ಕಪ್ಪೂ ವಾಲಿತ್ತು.
ಒಳಗಿನ ಚಹಾ ಮಾತ್ರ
ಒಂದು ಅಂಚಿಗೆ ಏರಿ, ಇನ್ನೊಂದರಲ್ಲಿ ಇಳಿದು
ಮಟ್ಟಸವಾಗಿ ನಿಂತಿತ್ತು.
ಟವಿಟಾ ಅದನ್ನು ಬಹಳ ಹೊತ್ತು ನೋಡಿದ.
ಸೋಮವಾರ ಲ್ಯಾಕ್ಲನ್‌ಗೆ ಫೋನು ಮಾಡು, ಅಂದ.
ಐದು ಕುರ್ಚಿಯೇ ಇರಲಿ.
ಅಣ್ಣಂದಿರು ಪಾಳಿಯ ಪ್ರಕಾರ ಕೂರಲಿ.