ಉಂಗುರದ ಬೆರಳು

ಮಂಗಳವಾರ, ಶುಕ್ರವಾರ, ಬೆಳಿಗ್ಗೆ ಹತ್ತೂವರೆಗೆ
ರೂಡಾದ ಎದೆರೋಗದ ಆಸ್ಪತ್ರೆಯ ನೆಲಮಾಳಿಗೆಯಲ್ಲಿ
ಹನ್ನೊಂದು ಮುದುಕರು ಮೂಗು ಹಿಡಿದು ಕೂರುತ್ತಾರೆ.
ನೆಲದಡಿಗೆ ಇನ್ನು ಕಾಲಿಡುವುದಿಲ್ಲ ಎಂದು
ದೀಪ, ಟೋಪಿ ಗಣಿಗೆ ಒಪ್ಪಿಸಿ ಬಂದವರು
ಹದಿನಾಲ್ಕು ಮೆಟ್ಟಿಲು ಮತ್ತೆ ಇಳಿಯುತ್ತಾರೆ,
ನಗುತ್ತಾರೆ, ಕೆಮ್ಮುತ್ತಾರೆ; ಯಾವುದು ಯಾವುದೆಂದು
ಗೋಡೆಯ ಬೆಂಚಿನ ಹೆಂಡಿರಿಗಷ್ಟೇ ಗೊತ್ತು.

ಹಾಲ್ಶ್ಕಾ, ನನ್ನ ಮೊಮ್ಮಗಳ ವಯಸ್ಸಿನವಳು, ಹೇಳಿಕೊಡುತ್ತಾಳೆ:
ಹೆಬ್ಬೆರಳಿಂದ ಬಲ ಹೊಳ್ಳೆ ಮುಚ್ಚಿ, ಎಡದಿಂದ ಎಳೆದುಕೊಳ್ಳಿ.
ಉಂಗುರದ ಬೆರಳಿಂದ ಎಡ ಮುಚ್ಚಿ, ಬಲದಿಂದ ಬಿಡಿ.
ಬಿಟ್ಟ ಕಡೆಯಿಂದಲೇ ಮತ್ತೆ ಒಳಗೆ.
ಎಡದ್ದು ಚಂದ್ರ, ಬಲದ್ದು ಸೂರ್ಯ ಅನ್ನುತ್ತಾರಂತೆ
ಈ ವಿದ್ಯೆ ಹುಟ್ಟಿದ ನಾಡಿನಲ್ಲಿ.
"ಎರಡನ್ನೂ ನಾವು ಕಂಡದ್ದು ಕಡಿಮೆ"
ಎಂದ ಹಿಂದಿನ ಸಾಲಿನ ಕೊನ್ರಾಡ್.

ನನ್ನ ಎವಾಲ್ಡ್ ಕೈ ಎತ್ತಿದ, ಶಾಲೆಯ ಹುಡುಗನ ಹಾಗೆ.
ಮೂವತ್ತೊಂದು ವರ್ಷ ಗಾಳಿಯ ಮೇಸ್ತ್ರಿ ಅವನು,
ಒಂಬೈನೂರು ಮೀಟರು ಕೆಳಗೆ
ಬಾಗಿಲು ತೆರೆದು, ಬಾಗಿಲು ಮುಚ್ಚಿ
ಗಾಳಿಗೆ ದಾರಿ ತೋರಿಸಿದವನು.
"ಗಣಿಗೂ ಎರಡೇ ಹೊಳ್ಳೆ, ಮಗಳೇ.
ಒಂದು ಬಾವಿಯಲ್ಲಿ ಗಾಳಿ ಇಳಿಯುತ್ತದೆ, ಇನ್ನೊಂದರಲ್ಲಿ ಏರುತ್ತದೆ.
ಬೆಂಕಿ ಬಿದ್ದ ದಿನ ಮಾತ್ರ ಫ್ಯಾನು ತಿರುಗಿಸಿ
ಏರುವುದನ್ನು ಇಳಿಸುತ್ತೇವೆ.
ನಾನು ಒಮ್ಮೆ ತಿರುಗಿಸಿದ್ದೇನೆ.
ನೀನು ಉಸಿರುಸಿರಿಗೂ ತಿರುಗಿಸು ಅನ್ನುತ್ತೀಯ."

ಆ ಒಮ್ಮೆ ಯಾವಾಗ, ಒಳಗೆ ಯಾರಿದ್ದರು,
ನಲವತ್ತೆಂಟು ವರ್ಷದ ಸಂಸಾರದಲ್ಲಿ
ನನ್ನೆದುರು ಉಸಿರೆತ್ತಿರಲಿಲ್ಲ.
ಮೂಗು ಹಿಡಿದರೆ ಬಾಯಿ ತೆರೆಯುತ್ತದೆ ಅನ್ನುವುದು
ಸುಳ್ಳಲ್ಲ.

ತೊಂದರೆ ಬೇರೆ ಇತ್ತು.
ಅವನ ಬಲಗೈಯಲ್ಲಿ ಉಂಗುರದ ಬೆರಳಿಲ್ಲ, ಕಿರುಬೆರಳೂ ಇಲ್ಲ.
ಎಂಬತ್ತೇಳರಲ್ಲಿ ಕಲ್ಲಿದ್ದಲ ಬೆಲ್ಟು ಎರಡನ್ನೂ ಒಯ್ದಿತು,
ಉಂಗುರ ಸಮೇತ; ನಮ್ಮಲ್ಲಿ ಮದುವೆಯ ಉಂಗುರ ಬಲಗೈಗೆ.
ಎಡಗೈ ನಡುಗುತ್ತದೆ,
ಮೂಗಿಗೆಂದು ಹೊರಟದ್ದು ಕಣ್ಣಿಗೆ ಹೋಗುತ್ತದೆ.
ಬಟ್ಟೆಯ ಕ್ಲಿಪ್ಪು ಹಾಕಿದರೆ ಹೇಗೆ ಎಂದಳು ಹಾಲ್ಶ್ಕಾ,
ಹತ್ತು ಮುದುಕರು ಒಟ್ಟಿಗೆ ಕೆಮ್ಮಿದರು.
ಕಂಡವರ ವಿಷಯದಲ್ಲಿ ಮೂಗು ತೂರಿಸುವವಳಲ್ಲ ನಾನು.
ಹೆಣಿಗೆ ಕೆಳಗಿಟ್ಟೆ,
ಎದ್ದು ಹೋಗಿ ನನ್ನ ಬೆರಳು ಇಟ್ಟೆ.

ಮನೆಯಲ್ಲೂ ಈಗ ಹಾಗೆಯೇ,
ಪಾರಿವಾಳಗಳಿಗೆ ಕಾಳು ಹಾಕುವ ಮೊದಲು, ಅಡುಗೆಮನೆಯ ಮೇಜಿನ ಬಳಿ:
ಬಲಕ್ಕೆ ಅವನ ಹೆಬ್ಬೆರಳು, ಎಡಕ್ಕೆ ನಾನು.
ಎಡ ಹೊಳ್ಳೆ ಕಿರಿದು, ಹತ್ತೊಂಬತ್ತರಲ್ಲಿ ಫುಟ್‌ಬಾಲ್ ಮೈದಾನದಲ್ಲಿ
ಯಾರದೋ ಮೊಣಕೈ ಮುರಿದ ಮೂಗು;
ಗಾಳಿ ಅಲ್ಲಿ ಸಣ್ಣಗೆ ಸಿಳ್ಳೆ ಹಾಕುತ್ತದೆ.
ಕೆಲವು ಬೆಳಿಗ್ಗೆ ಬಲದ್ದು ಕಟ್ಟಿ ಎಡದ್ದೇ ಸಲೀಸು,
ಯಾಕೆಂದು ಹಾಲ್ಶ್ಕಾ ಹೇಳಿದ್ದಳು, ಮರೆತೆ.
ನಾಲ್ಕು ಎಣಿಸಿ ಒಳಗೆ, ಎಂಟು ಎಣಿಸಿ ಹೊರಗೆ.
ಎಂಟು ಅವನಿಂದಾಗದು, ಆರಕ್ಕೇ ತಳ ಕಾಣುತ್ತದೆ.
ನಾನು ಬೇಗ ಬೇಗ ಎಣಿಸಿ ಎಂಟು ಅನ್ನುತ್ತೇನೆ.
ಅವನಿಗೆ ಗೊತ್ತು.

ಗುಣವಾಯಿತೇ ಎಂದು ಮೇಲಿನ ಮನೆಯ ಯಡ್ವಿಗಾ ಕೇಳುತ್ತಾಳೆ.
ಎಕ್ಸ್‌ರೇ ಬದಲಾಗಿಲ್ಲ.
ಎದೆಯೊಳಗಿನ ಕಲ್ಲಿದ್ದಲು ಅದರಲ್ಲಿ ಹಿಮದಂತೆ ಬೆಳ್ಳಗೆ ಕಾಣುತ್ತದೆ,
ಬಿದ್ದಲ್ಲೇ ಬಿದ್ದಿದೆ, ಕರಗಿಲ್ಲ.
ಊದುವ ಕೊಳವೆಯ ಮುಳ್ಳು ಹೋದ ವರ್ಷದ ಗೆರೆಯಲ್ಲೇ ನಿಲ್ಲುತ್ತದೆ.
ಆದರೆ ಪಾರಿವಾಳದ ಅಟ್ಟಕ್ಕೆ ಏರುವಾಗ
ಮೂರು ಕಡೆ ನಿಲ್ಲುತ್ತಿದ್ದವನು ಎರಡು ಕಡೆ ನಿಲ್ಲುತ್ತಾನೆ.
ರಾತ್ರಿ ಮೂರಕ್ಕೆ ಎದ್ದು
ಮಂಜು ಸುರಿಯುವಾಗ ಕಿಟಕಿ ತೆರೆಯುವುದಿಲ್ಲ.

ಆ ಹೊತ್ತಿಗೆ ಎಚ್ಚರವಿರುವವಳು ನಾನು. ಹಳೆಯ ರೂಢಿ.
ಕತ್ತಲಲ್ಲಿ ಕಿವಿಗೊಡುತ್ತೇನೆ:
ಇಳಿಯಿತು.
ಏರಿತು.
ನಡುವೆ ಎಲ್ಲೋ ಆಳದಲ್ಲಿ ಒಂದು ಬಾಗಿಲು.
ಹೊದಿಕೆಯೊಳಗೆ ನನ್ನ ಉಂಗುರದ ಬೆರಳು
ತಾನಾಗಿ ಒಂದಿಷ್ಟು ಮಡಚುತ್ತದೆ.