ಪೈಪು ಪಾನ

ರುವಿಯ ಹೋಟೆಲಿನ ಮೂರನೇ ಮಹಡಿಯಲ್ಲಿ
ಶಾಸಕರಿಗೆ ಸನ್ಮಾನ.
ಪೇಟ, ಶಾಲು, ಏಲಕ್ಕಿ ಹಾರ,
ಬೆಳ್ಳಿ ತಟ್ಟೆಯಲ್ಲಿ ಒಮಾನಿ ಹಲ್ವ.
ನಾನು ಕೊನೆಯ ಸಾಲು. ತೊಡೆಯ ಮೇಲೆ
ಮಲಯಾಳಂ ಪೇಪರಿನಲ್ಲಿ ಸುತ್ತಿದ ಒಂದು ಭಾರ.

ಸೇಸಪ್ಪ ಕರ್ಕೇರ,
ವಾದಿ ಕಬೀರಿನ ತಗಡಿನ ಕೋಣೆಯಲ್ಲಿ
ಮೇಲಿನ ಮಂಚ ನಿನ್ನದು, ಕೆಳಗಿನದು ನನ್ನದು.
ನೀನು ಮಗ್ಗುಲಾದರೆ
ನನ್ನ ಮುಖದ ಮೇಲೆ ತುಕ್ಕು ಉದುರುತ್ತಿತ್ತು.

ಜೂನಿನಲ್ಲಿ ಪೈಪು ಬರಿಗೈಲಿ ಮುಟ್ಟಿದರೆ
ಚರ್ಮ ಅಲ್ಲೇ ಉಳಿಯುವುದು.
ಆದರೂ ಥ್ರೆಡ್ ಎಳೆಯುತ್ತಲೇ ನಿನ್ನ ಮಾತು:
ಅರಬಾಬನ ಲೆಕ್ಕ, ಊರಿನ ಪಂಚಾಯತಿ, ಕೆಟ್ಟ ಕೂಲರು,
ಎಲ್ಲಕ್ಕೂ ನಿನ್ನಲ್ಲೊಂದು ಭಾಷಣ.

ಮೂರು ತಿಂಗಳು ಸಂಬಳ ನಿಂತಾಗ
ನಲವತ್ತು ಜನರನ್ನು ಲೇಬರ್ ಆಫೀಸಿಗೆ ನಡೆಸಿದವ ನೀನೇ.
ನಿನಗೆ ಬರುತ್ತಿದ್ದ ಅರಬಿ ಹದಿನೈದು ಮಾತು,
ಅದರಲ್ಲಿ ಒಂಬತ್ತು ಬೈಗುಳ.
ಎಲ್ಲರ ದುಡ್ಡೂ ಬಂತು.
ನಿನ್ನೊಬ್ಬನ ವೀಸಾ ರದ್ದು.
ಹೊರಡುವಾಗ ನನ್ನ ಮಂಚದಡಿಗೆ ಪಾನ ತಳ್ಳಿ ಅಂದೆ:
ಇಟ್ಟುಕೋ ಮಾರಾಯ, ತಿರುಗಿ ಬರುತ್ತೇನೆ.

ಕಲಿಸಿದ್ದು ಒಂದೇ ಪಾಠ:
ಒದ್ದೆ ಕಂಡಲ್ಲಿ ಒಡೆಯಬೇಡ,
ಸೋರುವುದು ಇನ್ನೆಲ್ಲೋ.
ಗೋಡೆಗೆ ಕಿವಿ ಕೊಡು.

ಈಗ ಮೈಕಿನಲ್ಲಿ ಹೇಳುತ್ತಿದ್ದೀ,
ಕ್ಷೇತ್ರದ ಹನ್ನೊಂದು ಸಾವಿರ ಮನೆಗೆ ನಲ್ಲಿ.
ಹೌದು, ನನ್ನ ಮನೆಗೂ ಬಂದಿದೆ.
ಹೆಂಡತಿ ಫೋನಿನಲ್ಲಿ ತೋರಿಸಿದಳು,
ಹಿತ್ತಾಳೆಯದು, ಚೆನ್ನಾಗಿ ಹೊಳೆಯುತ್ತದೆ.
ಅದರ ಮೇಲೆ ಮೊಮ್ಮಗನ ಚಡ್ಡಿ ಒಣಹಾಕಿದ್ದಾಳೆ.

ಚಪ್ಪಾಳೆ ಮುಗಿಸಿ ನೀನು ಇಳಿದು ಬಂದೆ.
ಹೇಗಿದ್ದೀರಿ, ಅಂದೆ.
ಮೂವತ್ತು ವರ್ಷದಲ್ಲಿ ಮೊದಲ ಸಲ
ನನ್ನ ಬಾಯಿಂದಲೂ 'ನೀವು' ಜಾರಿತು.
ಕೈ ಹಿಡಿದಾಗ ಒಂದು ಗಳಿಗೆ
ನಿನ್ನ ಹೆಬ್ಬೆರಳು ನನ್ನ ಅಂಗೈಯ ಜಡ್ಡನ್ನು ತಡವಿತು,
ಗೋಡೆ ತಡವಿ ಪೈಪು ಹುಡುಕುವ ಹಾಗೆ.
ಸಿಕ್ಕಿತೋ ಏನೋ.
ಅಷ್ಟರಲ್ಲಿ ಫೋಟೋದವ ನಮ್ಮಿಬ್ಬರನ್ನೂ
ಬೆಳಕಿನ ಕಡೆ ತಿರುಗಿಸಿದ.

ನಲ್ಲಿಯ ಸುದ್ದಿ ಎತ್ತಬೇಕೆಂದೇ ಬಂದಿದ್ದೆ.
ಹೇಳಿದ್ದು,
ಹಲ್ವ ತಗೊಳ್ಳಿ.

ಪೇಪರು ಬಿಚ್ಚಲಿಲ್ಲ.
ಹಿಡಿಯ ಮೇಲೆ ನೀನು ಮೊಳೆಯಲ್ಲಿ ಗೀಚಿದ ಸೇ. ಕ.
ಅರ್ಧ ಸವೆದಿದೆ, ಹಲ್ಲು ಇನ್ನೂ ಗಟ್ಟಿ.
ನಾಳೆ ಖುರಂನ ವಿಲ್ಲಾದಲ್ಲಿ ಕೆಲಸ.
ಎರಡಿಂಚಿನ ಲೈನು ಕಚ್ಚಿಕೊಂಡಿದೆ,
ಚಿಕ್ಕದು ಹಿಡಿಯುವುದಿಲ್ಲ.