ನೆನೆಹಾಕಿದ್ದು

ಇಥೆಲ್ ಎದ್ದು ಹೋದಾಗ ಟೀಪಾಟಿನಲ್ಲಿ
ಚಹಾ ಹಾಗೇ ಇತ್ತು.
ಅವನ ಕಪ್ಪಿಗೆ ತುಟಿ ತಾಗಿರಲಿಲ್ಲ,
ಹಾಲು ಕೂಡ ಇನ್ನೂ ಬೆರೆಸಿರಲಿಲ್ಲ.
ಬಾಗಿಲು ಬಡಿದ ರಭಸಕ್ಕೆ ಬಸಿಯ ಮೇಲಿನ ಚಮಚ
ಸಣ್ಣಗೆ ಏನೋ ಅಂದಿತು. ಅಷ್ಟೆ.

ಜಗಳ ಏನೆಂದರೆ, ಕಲ್ಲು.
ಅಮ್ಮನ ತಲೆಯ ಬಳಿ ನಿಲ್ಲಿಸುವ ಕಲ್ಲು.
ಅವನಿಗೆ ಕನ್ನಡಿಯ ಹಾಗೆ ಹೊಳೆಯುವ ಕರಿ ಗ್ರಾನೈಟು ಬೇಕು,
ಕ್ಯಾಟಲಾಗಿನ ಹನ್ನೊಂದನೇ ಪುಟದ್ದು, ಚಿನ್ನದ ಅಕ್ಷರದ್ದು,
ಎಲ್ಲಿಂದಲೋ ಹಡಗು ಹತ್ತಿ ಬರುವಂಥದ್ದು.
ನನಗೆ ಇಲ್ಲಿಯ ಸ್ಲೇಟೇ ಆಗಬೇಕು.
ಕಿಟಕಿ ತೆರೆದರೆ ಎದುರಿನ ಗುಡ್ಡ ಸ್ಲೇಟು,
ಹಿತ್ತಲ ಬೇಲಿ ಸ್ಲೇಟು, ಮಾಡು ಸ್ಲೇಟು,
ಅಪ್ಪನ ಎದೆಯೊಳಗೆ ಕೂತು
ಕೆಮ್ಮಿಸಿ ಕೆಮ್ಮಿಸಿ ಕೊಂದ ಧೂಳೂ ಸ್ಲೇಟು.
‘ಅದಕ್ಕೇ ಬೇಡ’ ಅಂದ ಇಥೆಲ್.
‘ಅದಕ್ಕೇ ಬೇಕು’ ಅಂದೆ ನಾನು.
ಅಷ್ಟು ಹೊತ್ತಿಗೆ ಚಹಾ ಕಪ್ಪಗಾಗಿತ್ತು.

ಬೆಥೆಸ್ಡದಲ್ಲಿ ಯಾರೂ ಚಹಾ ಚೆಲ್ಲುವುದಿಲ್ಲ,
ಕೋಪ ಬಂದರೂ ಚೆಲ್ಲುವುದಿಲ್ಲ.
ಅಂಚು ಒಡೆದ ಹಳದಿ ಬೋಗುಣಿ ತೆಗೆದೆ.
ಕರಿ ಒಣದ್ರಾಕ್ಷಿ ನಾಲ್ಕು ಹಿಡಿ, ಬಿಳಿಯದು ಎರಡು,
ಸಕ್ಕರೆಯಲ್ಲಿ ಬೇಯಿಸಿದ ಕಿತ್ತಳೆ ಸಿಪ್ಪೆ.
ತೂಗಲಿಲ್ಲ, ಸಿಟ್ಟಿಗೆ ಎಲ್ಲಿಯ ತಕ್ಕಡಿ?
ಮೇಲೆ ಒದ್ದೆ ಮರಳಿನಂಥ ಕಂದು ಸಕ್ಕರೆ,
ಅದರ ಮೇಲೆ ಅವನ ಕಪ್ಪು, ನನ್ನ ಕಪ್ಪು, ಪಾಟಿನ ತಳ.
ತಟ್ಟೆ ಮುಚ್ಚಿ ಮಲಗಿದೆ.

ರಾತ್ರಿಯೆಲ್ಲ ಅವು ನೆನೆದವು.
ನಾನೂ.

ಚಿಕ್ಕಂದಿನಲ್ಲಿ ಇವನು ದ್ರಾಕ್ಷಿ ಕದಿಯುತ್ತಿದ್ದ.
ಒಣಗಿದ್ದು ಬೇಡ, ಚಹಾದೊಳಗೆ ಬೆರಳು ಅದ್ದಿ
ಕತ್ತಲಲ್ಲಿ ಒಂದೊಂದಾಗಿ.
ಬೆಳಗ್ಗೆ ಅಮ್ಮ ಬೋಗುಣಿ ಇಣುಕಿ
‘ಈ ಮನೆಯ ಇಲಿಗೆ ಚಹಾದ ಚಟ’ ಅನ್ನುತ್ತಿದ್ದಳು,
ಇಲಿಯ ಕಿವಿ ಹಿಂಡುತ್ತಾ.
ನಾನು ನೆನೆಯಬೇಕಾದ್ದು ಬೇರೆ ಎಷ್ಟೋ ಇತ್ತು:
ಆಸ್ಪತ್ರೆಯ ಕೊನೆಯ ವಾರ, ಅವಳು ಕೇಳಿದ್ದು, ನಾನು ಕೊಡದೆ ಹೋದದ್ದು.
ಯಾವುದೂ ಬರಲಿಲ್ಲ. ಇಲಿ ಬಂತು.

ಬೆಳಗ್ಗೆ ತಟ್ಟೆ ಸರಿಸಿದರೆ ಚಹಾ ಇಲ್ಲ.
ಸುಕ್ಕುಬಿದ್ದಿದ್ದವೆಲ್ಲ ಹೊಟ್ಟೆ ಉಬ್ಬಿಸಿಕೊಂಡು ಕೂತಿವೆ,
ಚಾಪೆಲ್ಲಿನ ಔತಣ ಮುಗಿಸಿದ ಹಿರಿಯರ ಹಾಗೆ.
ಒಂದು ಮೊಟ್ಟೆ, ಹಿಟ್ಟು, ದಾಲ್ಚಿನ್ನಿ,
ತುರಿದ ಜಾಯಿಕಾಯಿ ಉಗುರಿನಷ್ಟು.
ಹಿಟ್ಟಿಗೆ ಬೆಣ್ಣೆ ಹಾಕಬಾರದು.
ಹಾಕುವವರಿದ್ದಾರೆ, ಬ್ಯಾಂಗರ್ ಕಡೆಯವರು,
ಅವರ ಮಾತು ಬೇಡ.
ಮಂದ ಉರಿ, ಒಂದೂವರೆ ಗಂಟೆ.
ಅವಸರ ಮಾಡಿದರೆ ಮೇಲೆ ಕರಿ, ಒಳಗೆ ಹಸಿ.
ಅಮ್ಮನ ಹೆಣಿಗೆ ಕಡ್ಡಿ ಚುಚ್ಚಿ ನೋಡಿದೆ.
ಅಂಟಿತು.
ಮತ್ತೆ ಚುಚ್ಚಿದೆ, ಅಂಟಿತು.
ಮೂರನೇ ಸಲ ಒಣಗಿ ಬಂತು.

ಬಾರಾ ಬ್ರಿಥ್ ಅನ್ನುತ್ತೇವೆ ನಾವು, ಮಚ್ಚೆಯ ರೊಟ್ಟಿ.
ಬಿಸಿಯಲ್ಲಿ ಕೊಯ್ದರೆ ಪುಡಿ ಪುಡಿ.
ಕಾಗದ ಸುತ್ತಿ ಡಬ್ಬಿಯಲ್ಲಿ ಎರಡು ದಿನ ಇಡಬೇಕು,
ಒಳಗಿನ ಒದ್ದೆ ತಾನಾಗಿ ಹೊರಗಿನ ಒಣಕಲಿಗೆ ತಲುಪಬೇಕು.

ಮೂರನೇ ದಿನ ಬಂದ, ಕನ್ನಡಕ ಮರೆತಿದ್ದೆ ಅಂತ.
ಅಷ್ಟು ದಿನ ಕಣ್ಣಿಲ್ಲದೆ ಬಸ್ಸು ಹೇಗೆ ಓಡಿಸಿದನೋ,
ನಾನು ಕೇಳಲಿಲ್ಲ.
ಬೆರಳು ದಪ್ಪ ಕೊಯ್ದು ಉಪ್ಪು ಬೆಣ್ಣೆ ಸವರಿ ಕೊಟ್ಟೆ.
ಮೊದಲ ತುಂಡು ನಿಂತೇ ತಿಂದ, ಕೋಟು ಬಿಚ್ಚದೆ.
ಎರಡನೆಯದಕ್ಕೆ ಕುರ್ಚಿ ಎಳೆದುಕೊಂಡ.
‘ಚಹಾ ಚೆನ್ನಾಗಿ ಇಳಿದಿದೆ’ ಅಂದ.
ಯಾವ ಚಹಾ ಅಂತ ನಾನು ಹೇಳಲಿಲ್ಲ.
ಕುಡಿಯಲಾರದೆ ಎದ್ದು ಹೋದದ್ದನ್ನು
ಅಗಿದು ಅಗಿದು ನುಂಗುತ್ತಿದ್ದ.

ಬಹಳ ಹೊತ್ತಿನ ಮೇಲೆ, ಮೇಜನ್ನು ನೋಡುತ್ತಾ,
‘ಚಿನ್ನದ ಅಕ್ಷರ ಬೇಡ ಬಿಡು’ ಅಂದ.
ಯಾವ ಕಲ್ಲು ಅಂತ ಅವನು ಹೇಳಲಿಲ್ಲ.
ನಾನು ಕೇಳಲಿಲ್ಲ.
ಬೆರಳು ಒದ್ದೆ ಮಾಡಿಕೊಂಡು
ತಟ್ಟೆಯಲ್ಲಿ ಉಳಿದ ಪುಡಿಯನ್ನು ಒಂದೊಂದಾಗಿ
ಎತ್ತಿಕೊಂಡಿತು ಇಲಿ.